ಹದಿನಾರು ಲಕ್ಷ ಕಟ್ಟಿದ ಮೇಲೂ ಇಳಿಯದ ಸಾಲ

ಈ ಪ್ರಕರಣದಲ್ಲಿ ಹೆಸರು, ಕೆಲಸ, ಮನೆಯ ವಿವರ ಎಲ್ಲ ಬದಲಾಯಿಸಿದ್ದೇನೆ. ಸಾಲದ ಅಂಕಿಗಳನ್ನು ಮಾತ್ರ ಹಾಗೇ ಇಟ್ಟಿದ್ದೇನೆ, ಯಾಕೆಂದರೆ ಗಂಡ ಹೆಂಡತಿಯ ನಡುವೆ ಜಗಳ ನಡೆದಿದ್ದೇ ಆ ಅಂಕಿಗಳ ಮೇಲೆ. ಬರೆಯುವುದಕ್ಕೆ ಇಬ್ಬರೂ ಒಪ್ಪಿದ್ದಾರೆ.

ಮೊದಲ ಸಲ ನನ್ನ ಹತ್ತಿರ ಸಲಹೆ ಕೇಳಲು ರೇಖಾ ಒಬ್ಬರೇ ಬಂದಿದ್ದರು. ಅನುದಾನಿತ ಶಾಲೆಯಲ್ಲಿ ಟೀಚರ್. ಗಂಡ ಪ್ರಕಾಶ ಅವರಿಗೆ 45 ವರ್ಷ, ಕಾರ್ಖಾನೆಯೊಂದರ ಸ್ಟೋರ್ಸ್‌ನಲ್ಲಿ ಕೆಲಸ. ಮಗಳು ಪಿಯುಸಿ. ಇಬ್ಬರ ಸಂಬಳ ಸೇರಿ ಕೈಗೆ ಬರುವುದು ತಿಂಗಳಿಗೆ ಸುಮಾರು 85 ಸಾವಿರ. ಜಿಲ್ಲಾ ಕೇಂದ್ರದಲ್ಲಿ ಮೂವತ್ತು ನಲವತ್ತರ ಸೈಟು, ಅದರಲ್ಲಿ ಸ್ವಂತ ಮನೆ. ಕೂತವರೇ ಹೇಳಿದ್ದು ಇಷ್ಟು: "ಮೇಡಂ, ಇವರು ನನಗೆ ಗೊತ್ತಿಲ್ಲದ ಹಾಗೆ ಮನೆ ಮೇಲೆ ಇನ್ನೊಂದು ಸಾಲ ಎತ್ತಿದ್ದಾರೆ. ಆ ದುಡ್ಡು ನನ್ನ ಮೈದುನನಿಗೆ ಹೋಗಿದೆ."

ಅನುಮಾನಕ್ಕೆ ಆಧಾರ ಇತ್ತು. ಡಿಸೆಂಬರ್ ಕೊನೆಯಲ್ಲಿ ಮಗಳ ಆದಾಯ ಪ್ರಮಾಣಪತ್ರ ಹುಡುಕುವಾಗ ಬ್ಯಾಂಕಿನ ಒಂದು ಕಾಗದ ಸಿಕ್ಕಿದೆ. 2021ರ ಮಾರ್ಚ್‌ನಲ್ಲಿ ತೆಗೆದ ಗೃಹಸಾಲ 35 ಲಕ್ಷ. 2025ರ ಡಿಸೆಂಬರ್ ಕಂತು ಕಟ್ಟಿದ ಮೇಲೆ ಬಾಕಿ 32 ಲಕ್ಷ 75 ಸಾವಿರ. ಅಷ್ಟರಲ್ಲಿ ಒಂದೂ ಕಂತು ತಪ್ಪಿಲ್ಲ, ಕಟ್ಟಿರುವುದು ಹತ್ತಿರ ಹತ್ತಿರ 16 ಲಕ್ಷ. ಇಳಿದಿರುವುದು ಬರೀ ಎರಡೂಕಾಲು ಲಕ್ಷ. ಉಳಿದ ದುಡ್ಡು ಎಲ್ಲಿ ಹೋಯಿತು? ಮೈದುನ 2023ರಲ್ಲಿ ಅಂಗಡಿ ಹಾಕಿದ್ದು ನೆನಪಾಗಿದೆ. ಕೇಳಿದರೆ ಗಂಡ ಬಾಯಿ ಬಿಡಲಿಲ್ಲ, ಎದ್ದು ಹೊರಗೆ ಹೋದರು. ಅವತ್ತಿಂದ ಮನೆಯಲ್ಲಿ ಮಾತಿಲ್ಲ, ಅವರ ಹಾಸಿಗೆ ಹಾಲ್‌ಗೆ ಬಂದಿದೆ.

ಪ್ರಕಾಶ ಅವರನ್ನು ಕರೆಯುವ ಮೊದಲು ಬ್ಯಾಂಕಿನಿಂದ ಮೊದಲ ಕಂತಿನಿಂದ ಇವತ್ತಿನವರೆಗಿನ ಪೂರ್ತಿ ಸ್ಟೇಟ್‌ಮೆಂಟ್ ತರುವಂತೆ ರೇಖಾಗೆ ಹೇಳಿದೆ. "ನನಗೆ ಕೊಡ್ತಾರಾ?" ಅಂದರು. ಸಾಲದ ಪತ್ರದಲ್ಲಿ ಅವರೂ ಸಹ ಅರ್ಜಿದಾರರು, ಪ್ರತಿ ಪುಟದಲ್ಲೂ ಅವರ ಸಹಿ ಇದೆ. ಸಾಲ ತೀರಿಸುವ ಹೊಣೆ ಇಬ್ಬರ ಮೇಲೂ ಸಮ. ನನ್ನ ಹತ್ತಿರ ಬರುವ ಎಷ್ಟೋ ಹೆಣ್ಣುಮಕ್ಕಳು ಹೀಗೆ ಸಹಿ ಹಾಕಿ, ಆಮೇಲೆ ಆ ಫೈಲನ್ನು ಒಂದು ಸಲವೂ ತೆರೆದು ನೋಡಿರುವುದಿಲ್ಲ. ಇದು ನನಗೆ ತುಂಬಾ ನೋವು ಕೊಡುವ ವಿಷಯ.

ಮುಂದಿನ ಭೇಟಿಗೆ ಇಬ್ಬರೂ ಬಂದರು. ಪ್ರಕಾಶ ಬಹಳ ಹೊತ್ತು ನೆಲ ನೋಡುತ್ತಾ ಕೂತಿದ್ದು, ಆಮೇಲೆ ಹೇಳಿದರು: "ನಾನು ಒಂದು ರೂಪಾಯಿ ಎತ್ತಿಲ್ಲ ಮೇಡಂ. ಆದರೆ ಸಾಲ ಯಾಕೆ ಇಳಿದಿಲ್ಲ ಅಂತ ನನಗೂ ಅರ್ಥ ಆಗ್ತಿಲ್ಲ. ಗೊತ್ತಿಲ್ಲ ಅಂತ ಇವಳ ಮುಂದೆ ಹೇಳೋಕೆ ನಾಚಿಕೆ ಆಯ್ತು." ರೇಖಾ ತಿರುಗಿ ಅವರನ್ನೇ ನೋಡಿದರು. ಗಂಡಸು ಮನೆಯ ಲೆಕ್ಕ ಗೊತ್ತಿಲ್ಲ ಅನ್ನಲು ಸಂಕೋಚಪಟ್ಟು ಸುಮ್ಮನಾದರೆ, ಆ ಮೌನ ಹೆಂಡತಿಗೆ ಕಳ್ಳತನದ ಹಾಗೆ ಕಾಣುತ್ತದೆ. ದುಡ್ಡಿನ ಜಗಳಗಳಲ್ಲಿ ಇದನ್ನು ಮತ್ತೆ ಮತ್ತೆ ನೋಡಿದ್ದೇನೆ. ಮೈದುನನ ವಿಷಯವನ್ನು ಅಲ್ಲಿಗೆ ಪಕ್ಕಕ್ಕೆ ಇಡಿಸಿ, ಸ್ಟೇಟ್‌ಮೆಂಟನ್ನು ಮೇಜಿನ ಮೇಲೆ ಹರಡಿದೆವು. ಇನ್ನೊಂದು ಸಾಲದ ಗುರುತು ಅದರಲ್ಲಿ ಎಲ್ಲೂ ಇರಲಿಲ್ಲ.

ಇಬ್ಬರ ಕೈಗೂ ಒಂದೊಂದು ಪೆನ್ಸಿಲ್ ಕೊಟ್ಟು, ಪ್ರತಿ ಕಂತಿನ ಎದುರು ಬಡ್ಡಿ ಎಷ್ಟು, ಅಸಲು ಎಷ್ಟು ಅಂತ ಓದಲು ಹೇಳಿದೆ. 2021ರ ಏಪ್ರಿಲ್‌ನ ಮೊದಲ ಕಂತು 27,135 ರೂಪಾಯಿ. ಅದರಲ್ಲಿ ಬಡ್ಡಿ 20,417, ಅಸಲಿಗೆ ಹೋಗಿದ್ದು 6,718. ಬಡ್ಡಿ ದರ ಆಗ ಶೇ. 7. ಇಲ್ಲಿಗೇ ರೇಖಾ ನಿಲ್ಲಿಸಿದರು. "ಮೊದಲ ತಿಂಗಳೇ ಮುಕ್ಕಾಲು ಪಾಲು ಬಡ್ಡಿನಾ?" ಹೌದು. ಬಡ್ಡಿ ಪ್ರತಿ ತಿಂಗಳು ಉಳಿದ ಬಾಕಿಯ ಮೇಲೆ ಬೀಳುತ್ತದೆ. ಶುರುವಿನಲ್ಲಿ ಬಾಕಿ ದೊಡ್ಡದು, ಹಾಗಾಗಿ ಬಡ್ಡಿಯೂ ದೊಡ್ಡದು. ಬ್ಯಾಂಕು ಮೋಸ ಮಾಡಿ ಬಡ್ಡಿಯನ್ನು ಮೊದಲೇ ಹಿಡಿದುಕೊಂಡಿದೆ ಅಂತ ತುಂಬಾ ಜನ ಅಂದುಕೊಳ್ಳುತ್ತಾರೆ. ಹಾಗಲ್ಲ, ಸಮನಾದ ಕಂತಿನ ಲೆಕ್ಕವೇ ಹೀಗೆ.

ಪ್ರಕಾಶ ಪುಟ ತಿರುಗಿಸುತ್ತಾ 2023ರ ಏಪ್ರಿಲ್‌ಗೆ ಬಂದು ನಿಂತರು. ಕಂತು 28,731. ಬಡ್ಡಿ 26,686. ಅಸಲು 2,045. ಒಂದು ತಿಂಗಳ ಕಷ್ಟದ ದುಡಿಮೆಯಲ್ಲಿ ಸಾಲಕ್ಕೆ ತಗುಲಿದ್ದು ಎರಡು ಸಾವಿರ ರೂಪಾಯಿ! ಆ ಸಾಲಿನ ಕೆಳಗೆ ಅವರು ಪೆನ್ಸಿಲ್‌ನಿಂದ ಎರಡು ಗೆರೆ ಎಳೆದರು.

ಆದದ್ದು ಇಷ್ಟು. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳು ಕೊಡುವ ಫ್ಲೋಟಿಂಗ್ ದರದ, ಅಂದರೆ ಬಡ್ಡಿ ಏರಿಳಿಯುವ, ಗೃಹಸಾಲಗಳನ್ನು ಹೊರಗಿನ ಮಾನದಂಡಕ್ಕೆ ಜೋಡಿಸಬೇಕು ಅಂತ ರಿಸರ್ವ್ ಬ್ಯಾಂಕ್ ನಿಯಮ ಮಾಡಿತು. ಹೆಚ್ಚಿನ ಬ್ಯಾಂಕುಗಳು ರೆಪೊ ದರಕ್ಕೆ, ಅಂದರೆ ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಸಾಲ ಕೊಡುವ ದರಕ್ಕೆ, ಜೋಡಿಸಿದವು. ಇವರು ಸಾಲ ತೆಗೆದಾಗ ರೆಪೊ ಶೇ. 4. ಅದರ ಮೇಲೆ ಬ್ಯಾಂಕಿನ ಪಾಲು, ಅಂದರೆ ಸ್ಪ್ರೆಡ್, ಶೇ. 3. ಒಟ್ಟು 7. 2022ರ ಮೇನಿಂದ 2023ರ ಫೆಬ್ರವರಿ ಒಳಗೆ ರೆಪೊ 4ರಿಂದ 6.5ಕ್ಕೆ ಏರಿತು. ಇವರ ದರ ಶೇ. 9.5 ಆಯಿತು. ಹಳೆಯ ಕಂತನ್ನೇ ಮುಂದುವರಿಸಿದ್ದರೆ ಆ ತಿಂಗಳು ಅಸಲಿಗೆ 450 ರೂಪಾಯಿಯೂ ಹೋಗುತ್ತಿರಲಿಲ್ಲ. ಅದಕ್ಕೆ ಬ್ಯಾಂಕು ಕಂತನ್ನು ಸುಮಾರು 1,600 ರೂಪಾಯಿ ಏರಿಸಿ, ಉಳಿದದ್ದನ್ನು ಅವಧಿಗೆ ತಳ್ಳಿತು. ಉಳಿದ ಕಂತುಗಳು 216 ಇರಬೇಕಿದ್ದ ಕಡೆ 336 ಆದವು. ಹತ್ತು ವರ್ಷ ಜಾಸ್ತಿ. 2041ಕ್ಕೆ, ಪ್ರಕಾಶ ನಿವೃತ್ತಿಯಾಗುವ ಹೊತ್ತಿಗೆ ಮುಗಿಯಬೇಕಿದ್ದ ಸಾಲ 2051ಕ್ಕೆ ಹೋಯಿತು, ಅಂದರೆ ಅವರ ಎಪ್ಪತ್ತನೇ ವರ್ಷಕ್ಕೆ.

"ಮೆಸೇಜ್ ಬಂದಿತ್ತು ಮೇಡಂ," ಅಂದರು ಪ್ರಕಾಶ. "ಕಂತು ಸಾವಿರದ ಆರುನೂರು ಏರಿದೆ ಅಂತ ಓದಿದೆ. ಸದ್ಯ, ಅಷ್ಟೇ ತಾನೇ ಅಂದುಕೊಂಡೆ. ಕೊನೆಯಲ್ಲಿ ಇದ್ದ ನಂಬರು ನೋಡಲೇ ಇಲ್ಲ."

ನಾನು ಈ ಬರಹ ಬರೆಯುತ್ತಿರುವುದೇ ಆ ಕೊನೆಯ ನಂಬರಿಗಾಗಿ. ನಮ್ಮಲ್ಲಿ ಮನೆಸಾಲ ತೆಗೆಯುವಾಗ ಎಲ್ಲರೂ ಕೇಳುವುದು ಒಂದೇ, "ಇಎಂಐ ಎಷ್ಟು ಬರುತ್ತೆ?" ಸಂಬಳದಲ್ಲಿ ಹೊಂದುತ್ತದೆ ಅಂದರೆ ಮುಗಿಯಿತು. ಆದರೆ ಸಾಲದ ಬೆಲೆ ನಿಂತಿರುವುದು ಎಷ್ಟು ವರ್ಷ ಅನ್ನುವುದರ ಮೇಲೆ. ಕಾಗದದ ಮೇಲೆ ಅವರಿಗೆ ಲೆಕ್ಕ ಮಾಡಿ ತೋರಿಸಿದೆ. 2023ರಲ್ಲಿ ಅವಧಿಯನ್ನು ಮುಟ್ಟದೆ 18 ವರ್ಷಕ್ಕೇ ಮುಗಿಸಬೇಕಿದ್ದರೆ ಕಂತು 32,627 ಆಗಬೇಕಿತ್ತು, ಅಂದರೆ ತಿಂಗಳಿಗೆ ಇನ್ನು 3,900 ರೂಪಾಯಿ ಜಾಸ್ತಿ. ಅದೇ ದರ ಕೊನೆವರೆಗೂ ಇದ್ದಿದ್ದರೆ 18 ವರ್ಷದ ದಾರಿಯಲ್ಲಿ ಕಟ್ಟುವುದು ಒಟ್ಟು ಸುಮಾರು 70.5 ಲಕ್ಷ, 28 ವರ್ಷದ ದಾರಿಯಲ್ಲಿ 96.5 ಲಕ್ಷ. ನಡುವಿನ ವ್ಯತ್ಯಾಸ 26 ಲಕ್ಷ. ರೇಖಾ ಮೆಲ್ಲಗೆ ಹೇಳಿದರು, "ಆ ನಾಲ್ಕು ಸಾವಿರ ನಾವು ಹೊಂದಿಸ್ತಿದ್ವಿ. ಕೇಳಿದ್ದರೆ ಹೊಂದಿಸ್ತಿದ್ವಿ."

ಪುಣ್ಯಕ್ಕೆ ದರ ಅಲ್ಲೇ ನಿಲ್ಲಲಿಲ್ಲ. 2025ರಲ್ಲಿ ರಿಸರ್ವ್ ಬ್ಯಾಂಕ್ ರೆಪೊ ದರವನ್ನು ಹಂತ ಹಂತವಾಗಿ 5.25ಕ್ಕೆ ಇಳಿಸಿತು. 2026ರ ಜನವರಿಯಿಂದ ಇವರ ದರ ಶೇ. 8.25. ಕಂತು ಅದೇ 28,731, ಅದರಲ್ಲಿ ಬಡ್ಡಿ 22,517, ಅಸಲು 6,214. ಐದು ವರ್ಷ ಆಗುತ್ತಾ ಬಂದರೂ ಅಸಲಿಗೆ ಹೋಗುತ್ತಿರುವುದು ಮೊಟ್ಟಮೊದಲ ತಿಂಗಳಿಗಿಂತ ಕಡಿಮೆ! ಹೀಗೇ ಬಿಟ್ಟರೆ ಇನ್ನು 224 ಕಂತು, 2044ರವರೆಗೆ. ಆಗಲೇ ಕಟ್ಟಿದ್ದು 16 ಲಕ್ಷ, ಮುಂದೆ ಕಟ್ಟುವುದು 64 ಲಕ್ಷ. 35 ಲಕ್ಷದ ಸಾಲಕ್ಕೆ 80 ಲಕ್ಷ.

ಪ್ರಕಾಶ ಅವರ ಮನಸ್ಸಿನಲ್ಲಿ ಇದ್ದದ್ದು ಇನ್ನೊಂದು. ದರ ಇಳಿದಿದೆಯಲ್ಲಾ, ಬ್ಯಾಂಕಿಗೆ ಹೇಳಿ ಕಂತು ಇಳಿಸಿಕೊಂಡರೆ ಮಗಳ ಫೀಸಿಗೆ ಆಗುತ್ತದೆ ಅಂತ. ಇದಕ್ಕೆ ನಾನು ಖಡಾಖಂಡಿತವಾಗಿ ಬೇಡ ಅಂದೆ. ದರ ಏರಿದಾಗ ಅವಧಿ ಬೆಳೆಸಿಕೊಂಡು, ಇಳಿದಾಗ ಕಂತು ಇಳಿಸಿಕೊಂಡರೆ, ಬೆಳೆದ ಅವಧಿ ಕಡಿಮೆಯಾಗುವುದು ಯಾವಾಗ? ಏರಿಕೆಯ ಪೆಟ್ಟನ್ನು ತಿಂದವರು ಇಳಿಕೆಯ ಲಾಭವನ್ನು ಅಸಲಿಗೇ ಹಾಕಬೇಕು.

ತೆರಿಗೆಯ ಮಾತೂ ಬಂತು. "ಸಾಲ ಬೇಗ ತೀರಿಸಿದರೆ ಇನ್‌ಕಮ್ ಟ್ಯಾಕ್ಸ್ ಉಳಿಯಲ್ಲ ಅಂತ ಆಫೀಸಲ್ಲಿ ಹೇಳ್ತಾರೆ." ಪ್ರಕಾಶ ಅವರ ಸಂಬಳದ ಚೀಟಿ ನೋಡಿದೆ. ಅವರು ಹೊಸ ತೆರಿಗೆ ಪದ್ಧತಿಯಲ್ಲಿದ್ದಾರೆ. ಅಲ್ಲಿ ನಾವೇ ವಾಸ ಇರುವ ಮನೆಯ ಸಾಲದ ಬಡ್ಡಿಗೆ ರಿಯಾಯಿತಿಯೇ ಇಲ್ಲ. ಹಳೆ ಪದ್ಧತಿಯಲ್ಲಿದ್ದರೂ ವರ್ಷಕ್ಕೆ 2 ಲಕ್ಷದ ಬಡ್ಡಿವರೆಗೆ ಮಾತ್ರ. ಶೇ. 20ರ ಸ್ಲ್ಯಾಬ್‌ನವರಿಗೆ ಸೆಸ್ ಸೇರಿ ಉಳಿಯುವುದು 41,600 ರೂಪಾಯಿ. ಅದನ್ನು ಉಳಿಸಲು ಎರಡೂಮುಕ್ಕಾಲು ಲಕ್ಷ ಬಡ್ಡಿ ಕಟ್ಟುವುದು ಯಾವ ಲೆಕ್ಕ?

ಫೈಲಿನ ತಳದಲ್ಲಿ ಇನ್ನೊಂದು ಸಿಕ್ಕಿತು. ಸಾಲದ 35 ಲಕ್ಷದಲ್ಲಿ 1.2 ಲಕ್ಷ ವಿಮೆಯ ಪ್ರೀಮಿಯಂ. ಒಂದೇ ಸಲ ಕಟ್ಟುವ ಪಾಲಿಸಿ, ಸಾಲದ ಜೊತೆಗೇ ಸೇರಿಸಿ ಕೊಟ್ಟಿದ್ದಾರೆ. ಕಡ್ಡಾಯ ಅಂದುಕೊಂಡು ಇವರು ಸಹಿ ಹಾಕಿದ್ದಾರೆ. ಆ 1.2 ಲಕ್ಷಕ್ಕೂ ಬಡ್ಡಿ ಓಡುತ್ತಿದೆ, ಶೇ. 7ರ ದರದಲ್ಲೇ ಇಪ್ಪತ್ತು ವರ್ಷಕ್ಕೆ ಅದು 2.2 ಲಕ್ಷ ದಾಟುತ್ತದೆ. ನನಗೆ ಅದಕ್ಕಿಂತ ಚಿಂತೆಯಾಗಿದ್ದು ವಿಮೆಯ ರಕ್ಷಣೆ ಮೂಲ ಸಾಲದ ಪಟ್ಟಿಯ ಪ್ರಕಾರ ಇಳಿಯುತ್ತಾ ಹೋಗುವುದು. ಆ ಪಟ್ಟಿಯ ಪ್ರಕಾರ ಈಗ ಬಾಕಿ 30.5 ಲಕ್ಷ ಇರಬೇಕಿತ್ತು. ನಿಜವಾದ ಬಾಕಿ ಅದಕ್ಕಿಂತ ಎರಡೂಕಾಲು ಲಕ್ಷ ಜಾಸ್ತಿ. ದುಡಿಯುವವರಿಗೆ ಏನಾದರೂ ಆದರೆ ಆ ವ್ಯತ್ಯಾಸ ಹೆಂಡತಿ ಮಗಳ ತಲೆ ಮೇಲೆ. ಬಾಕಿ ಸಾಲಕ್ಕೆ ಸಮನಾಗಿ ಇಬ್ಬರ ಹೆಸರಲ್ಲೂ ಬೇರೆ ಟರ್ಮ್ ಪಾಲಿಸಿ, ಅಂದರೆ ತೀರಿಕೊಂಡರೆ ಮಾತ್ರ ಹಣ ಬರುವ ವಿಮೆ, ಮಾಡಿಸಲು ಹೇಳಿದೆ.

ಸಲಹೆಯನ್ನು ಒಂದೇ ಹಾಳೆಯಲ್ಲಿ ಬರೆದುಕೊಟ್ಟೆ. ಮುಖ್ಯವಾದದ್ದು ಕಂತನ್ನು ಏರಿಸಿಕೊಳ್ಳುವುದು. ಮೊದಲಿನ ಹಾಗೆ 2041ರ ಮಾರ್ಚ್‌ಗೆ ಸಾಲ ಮುಗಿಯಬೇಕಾದರೆ 31,510 ಸಾಕು, ಈಗಿನದಕ್ಕಿಂತ 2,800 ಜಾಸ್ತಿ. ಮನೆಖರ್ಚಿನ ಪಟ್ಟಿ ಮಾಡಿ ನೋಡಿದಾಗ 32,000 ಕಟ್ಟಬಹುದು ಅಂತ ಅವರೇ ಹೇಳಿದರು. ಅವರ ಹತ್ತಿರ 4 ಲಕ್ಷದ ಎಫ್‌ಡಿ ಇತ್ತು. ಅದಕ್ಕೆ ಬರುವ ಬಡ್ಡಿ ಸಾಲದ ದರಕ್ಕಿಂತ ಕಡಿಮೆ, ಅದರ ಮೇಲೂ ತೆರಿಗೆ. ಪೂರ್ತಿ ಮುರಿಯಬೇಡಿ, ಆಸ್ಪತ್ರೆ ಗೀಸ್ಪತ್ರೆ ಅಂತ ಕಷ್ಟಕ್ಕೆ 2 ಲಕ್ಷ ಇರಲಿ, ಉಳಿದ 2 ಲಕ್ಷ ಅಸಲಿಗೆ ಕಟ್ಟಿ ಅಂದೆ. ಫ್ಲೋಟಿಂಗ್ ದರದ ಗೃಹಸಾಲವನ್ನು ಅವಧಿಗೆ ಮುಂಚೆ ತೀರಿಸಿದರೆ ದಂಡ ಹಾಕುವಂತಿಲ್ಲ ಅಂತ ರಿಸರ್ವ್ ಬ್ಯಾಂಕ್ 2012ರಲ್ಲೇ ಬ್ಯಾಂಕುಗಳಿಗೆ ಹೇಳಿದೆ. ಎರಡನ್ನೂ ಮಾಡಿದರೆ 158 ಕಂತಿನಲ್ಲಿ, ಅಂದರೆ 2039ರ ಹೊತ್ತಿಗೆ ಸಾಲ ಮುಗಿಯುತ್ತದೆ. ಈಗಿನ ದರದಲ್ಲಿ ಉಳಿಯುವುದು ಸುಮಾರು 11.7 ಲಕ್ಷ.

ಹಣ ಕಟ್ಟುವಾಗ ಬ್ಯಾಂಕಿನವರು ಕಂತು ಇಳಿಸಬೇಕಾ, ಅವಧಿ ಇಳಿಸಬೇಕಾ ಅಂತ ಕೇಳುತ್ತಾರೆ, ಕೆಲವು ಕಡೆ ಕೇಳುವುದೂ ಇಲ್ಲ. ಅವಧಿ ಇಳಿಸಿ ಅಂತ ಬರೆದು ಕೊಡಬೇಕು, ಸ್ವೀಕೃತಿ ಮುದ್ರೆ ಹಾಕಿಸಿಕೊಳ್ಳಬೇಕು. ರಿಸರ್ವ್ ಬ್ಯಾಂಕಿನ 2023ರ ಆಗಸ್ಟ್‌ನ ಸುತ್ತೋಲೆಯಂತೆ ದರ ಬದಲಾದಾಗ ಕಂತು ಮತ್ತು ಅವಧಿ ಎರಡರ ಮೇಲೂ ಏನು ಪರಿಣಾಮ ಅಂತ ಬ್ಯಾಂಕು ತಿಳಿಸಬೇಕು, ಕಂತು ಏರಿಸುವುದೋ ಅವಧಿ ಬೆಳೆಸುವುದೋ ಅನ್ನುವ ಆಯ್ಕೆಯನ್ನೂ ಕೊಡಬೇಕು. ಮೂರು ತಿಂಗಳಿಗೊಮ್ಮೆ ಬರುವ ಸ್ಟೇಟ್‌ಮೆಂಟ್‌ನಲ್ಲಿ ಉಳಿದ ಕಂತುಗಳ ಸಂಖ್ಯೆ ಇರಲೇಬೇಕು. ಆ ಸಂಖ್ಯೆಯನ್ನು ರೇಖಾ ಓದಿ ಡೈರಿಯಲ್ಲಿ ಬರೆಯುವುದು, ಪ್ರಕಾಶ ಬಾಕಿಯನ್ನು ಓದುವುದು ಅಂತ ಹಂಚಿಕೊಟ್ಟೆ. ಇಬ್ಬರೂ ಒಂದೇ ದಿನ, ಒಂದೇ ಮೇಜಿನಲ್ಲಿ.

ಸ್ಪ್ರೆಡ್ ಬಗ್ಗೆಯೂ ಕೇಳಲು ಹೇಳಿದ್ದೆ. ಅದೇ ಶಾಖೆಯಲ್ಲಿ ಹೊಸ ಗ್ರಾಹಕರಿಗೆ ಶೇ. 7.65ಕ್ಕೆ ಸಾಲ ಕೊಡುತ್ತಿದ್ದಾರೆ, ಹಳಬರು 8.25 ಕಟ್ಟುತ್ತಿದ್ದಾರೆ. ಸಣ್ಣ ಶುಲ್ಕ ತೆಗೆದುಕೊಂಡು ಹಳೆ ಸಾಲದ ದರವನ್ನೂ ಇಳಿಸುವ ಬ್ಯಾಂಕುಗಳಿವೆ. ಕೇಳದೆ ಯಾರೂ ಕೊಡುವುದಿಲ್ಲ. ಆ ದರ ಸಿಕ್ಕಿದರೆ ಇನ್ನೂ ಎಂಟು ಕಂತು ಕಡಿಮೆ, ಎರಡೂವರೆ ಲಕ್ಷ ಉಳಿತಾಯ.

ಕೊನೆಯ ಭೇಟಿಯಲ್ಲಿ ಮೈದುನನ ವಿಷಯ ರೇಖಾ ಅವರೇ ಎತ್ತಿದರು. "ರೀ, ಅನುಮಾನ ಪಟ್ಟಿದ್ದು ತಪ್ಪಾಯ್ತು. ಆದರೆ ನೀವು ಅವತ್ತೇ ನನಗೂ ಗೊತ್ತಾಗ್ತಿಲ್ಲ ಅಂದಿದ್ದರೆ ಇಷ್ಟು ದಿನ ಬೇಯಬೇಕಿರಲಿಲ್ಲ ಅಲ್ವಾ." ಪ್ರಕಾಶ ಹೌದು ಅಂದರು. 2 ಲಕ್ಷ ಕಟ್ಟಿಯಾಗಿದೆ, ಫೆಬ್ರವರಿಯಿಂದ ಕಂತು 32,000. ಟರ್ಮ್ ಪಾಲಿಸಿಗೆ ರೇಖಾ ಅರ್ಜಿ ಹಾಕಿದ್ದಾರೆ, ಪ್ರಕಾಶ ಅವರ ವೈದ್ಯಕೀಯ ಪರೀಕ್ಷೆ ಬಾಕಿ ಇದೆ. ದರ ಇಳಿಸಲು ಕೊಟ್ಟ ಅರ್ಜಿಗೆ ಬ್ಯಾಂಕಿನಿಂದ ಉತ್ತರ ಬಂದಿಲ್ಲ. ಬಾರದಿದ್ದರೆ ಸಾಲವನ್ನು ಬೇರೆ ಬ್ಯಾಂಕಿಗೆ ವರ್ಗಾಯಿಸುವ ಖರ್ಚು ಎಷ್ಟು ಅಂತ ಕೂತು ಲೆಕ್ಕ ಹಾಕಲು ಏಪ್ರಿಲ್‌ನಲ್ಲಿ ಮತ್ತೆ ಬರುತ್ತಾರೆ.