ಟಿಬೆಟಿನ ಅಲೆಮಾರಿ ಪಶುಪಾಲಕರು ಏಕೆ ಅಲೆಯುತ್ತಾರೆ? ಬೇಸಾಯ ಏಕೆ ಮಾಡಲಿಲ್ಲ? ಬೌದ್ಧರಾಗಿಯೂ ಮಾಂಸ ತಿನ್ನುವುದು ಹೇಗೆ?

ನೀವು ಕೇಳಿರುವ ಮೂರರಲ್ಲಿ ಮೊದಲೆರಡಕ್ಕೆ ಒಂದೇ ಉತ್ತರ ಇದೆ. ಅದನ್ನು ನನಗೆ ಹೇಳಿಕೊಟ್ಟವರು ಬೈಲಕುಪ್ಪೆಯ ಒಬ್ಬ ಅಜ್ಜ. ನಾನು ಪಶುವೈದ್ಯ, ಪಿರಿಯಾಪಟ್ಟಣದ ಸುತ್ತಮುತ್ತ ಹನ್ನೊಂದು ವರ್ಷ ಕೆಲಸ ಮಾಡಿದ್ದೇನೆ. ಆ ಅಜ್ಜ ತಮ್ಮ ಮಿಶ್ರತಳಿ ಹಸುಗಳನ್ನು ತೋರಿಸಲು ಬರುತ್ತಿದ್ದರು. ಹುಟ್ಟಿನಿಂದ ಅವರು ದ್ರೋಕ್ಪಾ, ಅಂದರೆ ಎತ್ತರದ ಹುಲ್ಲುಗಾವಲಿನವರು. ಟಿಬೆಟಿನ ಉತ್ತರದ ಬಯಲು ಚಾಂಗ್‌ತಾಂಗ್‌ನಲ್ಲಿ ಬೆಳೆದು, 1959ರ ನಂತರ ಹುಡುಗನಾಗಿದ್ದಾಗ ಮನೆಯವರೊಂದಿಗೆ ಗಡಿ ದಾಟಿದವರು. ನಾನು ಬರೆಯುವುದರಲ್ಲಿ ಅವರಿಂದ ಕೇಳಿದ್ದಿದೆ, ಓದಿ ತಿಳಿದದ್ದಿದೆ, ಲಡಾಖಿನಲ್ಲಿ ಕಣ್ಣಾರೆ ಕಂಡದ್ದೂ ಇದೆ.

‘ಅಲೆಮಾರಿ’ ಎಂಬ ಪದವೇ ನಮ್ಮ ದಾರಿ ತಪ್ಪಿಸುತ್ತದೆ. ಗೊತ್ತುಗುರಿ ಇಲ್ಲದೆ, ಹಸಿರು ಕಂಡಲ್ಲಿಗೆ ಮಂದೆ ಹೊಡೆದುಕೊಂಡು ಹೋಗುವವರು ಎಂದು ನಾನೂ ತಿಳಿದಿದ್ದೆ. ಪಶ್ಚಿಮ ಟಿಬೆಟಿನ ಪಾಲಾ ಎಂಬ ಸೀಮೆಯಲ್ಲಿ 1986ರಿಂದ 1988ರ ನಡುವೆ ಮೆಲ್ವಿನ್ ಗೋಲ್ಡ್‌ಸ್ಟೀನ್ ಮತ್ತು ಸಿಂಥಿಯಾ ಬೀಲ್ ಎಂಬ ಇಬ್ಬರು ಮಾನವಶಾಸ್ತ್ರಜ್ಞರು ಈ ಜನರ ಜೊತೆ ಬದುಕಿ ಅಧ್ಯಯನ ಮಾಡಿದರು. ಅಲ್ಲಿನ ಕುಟುಂಬಗಳು ತಮ್ಮ ಮುಖ್ಯ ನೆಲೆಯಿಂದ ಹೋಗುತ್ತಿದ್ದ ದೂರ 16ರಿಂದ 64 ಕಿಲೋಮೀಟರ್, ಅಷ್ಟೇ. ಆ ಎತ್ತರದಲ್ಲಿ ಹುಲ್ಲು ಮೇ ತಿಂಗಳಲ್ಲಿ ಚಿಗುರುತ್ತದೆ, ಸೆಪ್ಟೆಂಬರ್ ನಡುವಿನ ಹೊತ್ತಿಗೆ ಬೆಳೆಯುವುದು ನಿಲ್ಲುತ್ತದೆ. ಎಲ್ಲ ಕಡೆಯೂ ಸುಮಾರು ಒಂದೇ ಕಾಲಕ್ಕೆ ಹೀಗಾಗುವುದರಿಂದ ದೂರ ಹೋದರೂ ಹೆಚ್ಚು ಹಸಿರು ಸಿಗುವುದಿಲ್ಲ. ಉಳಿದ ಎಂಟು ತಿಂಗಳು ಮಂದೆ ಬದುಕಬೇಕಾದದ್ದು ನಿಂತಲ್ಲೇ ಒಣಗಿದ ಹುಲ್ಲಿನ ಮೇಲೆ. ಹಾಗಾಗಿ ಶರತ್ಕಾಲದಲ್ಲಿ ಮಂದೆಯನ್ನು ಇನ್ನೊಂದು ಗೋಮಾಳಕ್ಕೆ ಕರೆದೊಯ್ಯುತ್ತಾರೆ, ನೆಲೆಯ ಸುತ್ತಲಿನ ಹುಲ್ಲನ್ನು ಚಳಿಗಾಲಕ್ಕೆ ಮುಟ್ಟದೆ ಬಿಡುತ್ತಾರೆ. ನಾವು ಬಣವೆ ಒಟ್ಟುತ್ತೇವೆ, ಅವರು ಬೆಟ್ಟದ ಮೈಮೇಲೆಯೇ ಮೇವು ಉಳಿಸಿಡುತ್ತಾರೆ. ಅಜ್ಜ ಇದನ್ನು ನನಗೆ ಒಂದೇ ಮಾತಿನಲ್ಲಿ ಹೇಳಿದ್ದರು: “ಆಮ್ಚಿ ಲಾ, ನಾವು ಹುಲ್ಲು ಹುಡುಕಿಕೊಂಡು ಹೋಗುತ್ತಿರಲಿಲ್ಲ, ಹುಲ್ಲನ್ನು ಬಿಟ್ಟು ಹೋಗುತ್ತಿದ್ದೆವು.” ಆಮ್ಚಿ ಎಂದರೆ ವೈದ್ಯ.

ಈ ಹುಲ್ಲಿನ ಲೆಕ್ಕ ಎಷ್ಟು ಬಿಗಿಯಾಗಿತ್ತೆಂದರೆ, ದಲೈ ಲಾಮಾ ಅವರ ನಂತರದ ದೊಡ್ಡ ಧರ್ಮಗುರು ಪಂಚೆನ್ ಲಾಮಾ ಅವರ ಆಡಳಿತಕ್ಕೆ ಸೇರಿದ್ದ ಆ ಸೀಮೆಯಲ್ಲಿ ಹಿಂದೆ ಮೂರು ವರ್ಷಕ್ಕೊಮ್ಮೆ ಜಾನುವಾರು ಗಣತಿ ನಡೆಯುತ್ತಿತ್ತು. ಒಂದು ಚಮರಿಗೆ, ಅಂದರೆ ಯಾಕ್‌ಗೆ, ಆರು ಕುರಿ ಅಥವಾ ಏಳು ಆಡು ಸಮ ಎಂಬ ಲೆಕ್ಕ ಹಿಡಿದು ಗೋಮಾಳಗಳನ್ನು ಕುಟುಂಬಗಳಿಗೆ ಮತ್ತೆ ಹಂಚುತ್ತಿದ್ದರು. ಮಂದೆ ಬೆಳೆದವನಿಗೆ ಹೆಚ್ಚು ನೆಲ, ಹಿಮಕ್ಕೆ ಸಿಕ್ಕಿ ಮಂದೆ ಕರಗಿದವನಿಗೆ ಕಡಿಮೆ. ಇದು ಕರುಣೆಯ ಏರ್ಪಾಡಲ್ಲ, ತೆರಿಗೆಯೂ ಅದೇ ಲೆಕ್ಕದಲ್ಲಿ ಬೀಳುತ್ತಿತ್ತು. ಆದರೆ ಒಂದೇ ಬೆಟ್ಟದ ಮೇಲೆ ಭಾರ ಹೆಚ್ಚಾಗದಂತೆ ಅದು ಕಾಯುತ್ತಿತ್ತು.

ಇನ್ನು ಬೇಸಾಯದ ಮಾತು. ಅದಕ್ಕೂ ಅದೇ ಉತ್ತರ: ಎತ್ತರ ಮತ್ತು ಚಳಿ. ಪಾಲಾದ ಬಯಲು ಇರುವುದು ಸುಮಾರು 4,850ರಿಂದ 5,450 ಮೀಟರ್ ಎತ್ತರದಲ್ಲಿ. ಅಲ್ಲಿ ಬೇಸಿಗೆಯ ರಾತ್ರಿಯಲ್ಲೂ ಮಂಜು ಹೆಪ್ಪುಗಟ್ಟಬಹುದು, ಬಾರ್ಲಿ ಕೂಡ ಬೆಳೆಯದು. ಪ್ರಪಂಚದ ಎಷ್ಟೋ ಕಡೆ ನೇಗಿಲು ಮುಂದೊತ್ತಿ ಬಂದಂತೆ ಪಶುಪಾಲಕರು ಹಿಂದೆ ಸರಿದರು. ಇಲ್ಲಿ ನೇಗಿಲು ಮೇಲೇರಲಾರದೆ ನಿಂತಿತು. ಆದರೂ ಇವರು ಬೇಸಾಯಗಾರರಿಂದ ದೂರವಾಗಿ ಬದುಕಿದವರಲ್ಲ. ಅವರ ದಿನದ ಆಹಾರ ತ್ಸಂಪಾ, ಅಂದರೆ ಹುರಿದ ಬಾರ್ಲಿಯ ಹಿಟ್ಟು. ನಮ್ಮ ಹುರಿಹಿಟ್ಟನ್ನು ಬಲ್ಲವರಿಗೆ ಅದರ ಪರಿಮಳ ಹೊಸತಲ್ಲ. ಬೆಣ್ಣೆ ಮತ್ತು ಉಪ್ಪು ಹಾಕಿ ಉದ್ದನೆಯ ಮರದ ಕೊಳವೆಯಲ್ಲಿ ಕಡೆದ ಚಹಾದೊಂದಿಗೆ ಅದನ್ನು ಬಟ್ಟಲಲ್ಲೇ ಬೆರಳಿನಿಂದ ಕಲಸಿ ಉಂಡೆ ಮಾಡುತ್ತಾರೆ. ಆ ಬಾರ್ಲಿ ಬರುತ್ತಿದ್ದದ್ದು ಕಣಿವೆಯ ರೈತರಿಂದ, ಉಣ್ಣೆ, ಬೆಣ್ಣೆ ಮತ್ತು ಉಪ್ಪಿಗೆ ಬದಲಾಗಿ. ಚಾಂಗ್‌ತಾಂಗ್‌ನ ಉಪ್ಪಿನ ಸರೋವರಗಳ ದಡದಿಂದ ಉಪ್ಪು ತುಂಬಿ, ಕುರಿಗಳ ಬೆನ್ನಿಗೂ ಪುಟ್ಟ ಚೀಲಗಳನ್ನು ಕಟ್ಟಿ ವಾರಗಟ್ಟಲೆ ನಡೆಸುತ್ತಿದ್ದರು. ಕುರಿ ಮೇಯುತ್ತಲೇ ಸಾಗುವುದರಿಂದ ದಾರಿಯ ಮೇವಿಗೆ ಖರ್ಚಿಲ್ಲ.

ಚಮರಿಯ ಬಗ್ಗೆ ನಾಲ್ಕು ಮಾತು ಹೇಳದೆ ಮುಂದೆ ಹೋಗಲಾರೆ. ನಮ್ಮ ದೇವರ ಉತ್ಸವಗಳಲ್ಲಿ ಬೀಸುವ ಚಾಮರ ಮೂಲತಃ ಇದರ ಬಾಲದ ಕೂದಲಿನದು. ಯಾಕ್ ಎಂದರೆ ಟಿಬೆಟಿನವರಿಗೆ ಗಂಡು ಮಾತ್ರ, ಹಾಲು ಕೊಡುವುದು ‘ದ್ರಿ’. ನಾನು ಒಮ್ಮೆ ‘ಯಾಕ್ ಹಾಲು’ ಎಂದಾಗ ಅಜ್ಜ ಮನಸಾರೆ ನಕ್ಕು ತಿದ್ದಿದರು. ಹಸುವಿಗೆ ಹದಿಮೂರು ಜೊತೆ ಪಕ್ಕೆಲುಬುಗಳಿದ್ದರೆ ಚಮರಿಗೆ ಸಾಮಾನ್ಯವಾಗಿ ಹದಿನಾಲ್ಕು. ಅಗಲವಾದ ಆ ಎದೆಗೂಡಿನೊಳಗೆ ದೊಡ್ಡ ಶ್ವಾಸಕೋಶ, ದೊಡ್ಡ ಹೃದಯ. ತಗ್ಗಿನ ಸೆಕೆಗೆ ಇಳಿಸಿದರೆ ಅದು ನರಳುತ್ತದೆ. ದ್ರಿಯ ಹಾಲು ಕಡಿಮೆ, ಆದರೆ ಜಿಡ್ಡು ನೂರಕ್ಕೆ ಆರೇಳರಷ್ಟು. ಬೆಣ್ಣೆಯನ್ನು ಕುರಿಯ ಜಠರದ ಚೀಲದಲ್ಲಿ ತುಂಬಿ ಹೊಲಿದಿಟ್ಟರೆ ತಿಂಗಳುಗಟ್ಟಲೆ ಇರುತ್ತದೆ. ಮರವಿಲ್ಲದ ನಾಡಿನಲ್ಲಿ ಒಲೆಗೆ ಅದರ ಒಣ ಸಗಣಿಯೇ ಸೌದೆ. ಮನೆಯೂ ಅದರದೇ: ಒರಟು ಕೂದಲನ್ನು ನೂತು, ಪಟ್ಟಿ ಪಟ್ಟಿಯಾಗಿ ನೇಯ್ದು, ಹೊಲಿದು ಮಾಡಿದ ಕಪ್ಪು ಡೇರೆ. ಮಳೆ ಬಿದ್ದಾಗ ಎಳೆಗಳು ಉಬ್ಬಿ ಕಂಡಿಗಳು ಮುಚ್ಚಿಕೊಳ್ಳುತ್ತವೆ, ಒಲೆಯ ಹೊಗೆ ಹಿಡಿದಷ್ಟೂ ನೀರು ಇಳಿಯದು. ಚಮರಿಗಳನ್ನು ಅವರು ‘ನೋರ್’ ಎಂದೂ ಕರೆಯುತ್ತಾರೆ. ನೋರ್ ಎಂದರೆ ಸಂಪತ್ತು.

ಮಾಂಸದ ಪ್ರಶ್ನೆ ಅಷ್ಟು ಸುಲಭವಲ್ಲ, ಅವರಿಗೂ ಸುಲಭವಲ್ಲ. ಸೊಪ್ಪು ಬೆಳೆಯದ ನೆಲದಲ್ಲಿ ಮಾಂಸ ಬಿಡುವುದು ಸಾಧ್ಯವಿಲ್ಲ, ಕೊಲ್ಲುವುದು ಪಾಪ ಎಂಬ ನಂಬಿಕೆಯೂ ಗಟ್ಟಿ. ಆದ್ದರಿಂದ ವರ್ಷಕ್ಕೊಮ್ಮೆ, ಚಳಿಗಾಲದ ಬಾಗಿಲಲ್ಲಿ, ಪ್ರಾಣಿಗಳು ಕೊಬ್ಬಿರುವಾಗ ಬೇಕಾದಷ್ಟನ್ನು ಮಾತ್ರ ಕಡಿಯುತ್ತಾರೆ. ಚಳಿಗೆ ಮಾಂಸ ಹೆಪ್ಪುಗಟ್ಟಿ ಕೆಡದೆ ಉಳಿಯುತ್ತದೆ. ಹಲವು ಸಣ್ಣ ಜೀವಗಳಿಗಿಂತ ಒಂದು ದೊಡ್ಡ ಜೀವ ಹೋಗುವುದು ವಾಸಿ ಎಂದು ಎಣಿಸುವವರು ಬಹಳ. ಕೊಲ್ಲುವ ಕೆಲಸವನ್ನು ಬಡವನೊಬ್ಬನಿಗೆ ಕೂಲಿ ಕೊಟ್ಟು ಮಾಡಿಸುವುದೂ ಇತ್ತು. ಪಾಪವನ್ನು ಹೀಗೆ ಇನ್ನೊಬ್ಬರ ತಲೆಗೆ ಕಟ್ಟುವುದು ನನಗೆ ಒಪ್ಪಿಗೆಯಾಗುವುದಿಲ್ಲ. ಅಜ್ಜನಿಗೂ ಅದು ಸರಿಯೆನಿಸಿರಲಿಲ್ಲ. ಇನ್ನೊಂದು ಕಡೆ ‘ತ್ಸೇತಾರ್’ ಎಂಬ ಪದ್ಧತಿ ಇದೆ. ಒಂದು ಚಮರಿಯನ್ನೋ ಕುರಿಯನ್ನೋ ಆರಿಸಿ ಬಣ್ಣದ ದಾರ ಕಟ್ಟಿ ಬಿಟ್ಟರೆ ಮತ್ತೆ ಅದನ್ನು ಯಾರೂ ಕೊಲ್ಲುವಂತಿಲ್ಲ, ಮಾರುವಂತಿಲ್ಲ. ಮುಪ್ಪಾಗಿ ತಾನಾಗಿ ಸಾಯುವವರೆಗೂ ಅದು ಮಂದೆಯಲ್ಲೇ ಇರುತ್ತದೆ.

ಇದೆಲ್ಲ ಈಗಲೂ ಹೀಗೆಯೇ ಇದೆಯೇ ಎಂದರೆ, ಇಲ್ಲ. ಚೀನಾದ ಆಡಳಿತದಲ್ಲಿ ಮೊದಲು ಮಂದೆಗಳು ಕಮ್ಯೂನುಗಳ ಪಾಲಾದವು, 1980ರ ದಶಕದ ಆರಂಭದಲ್ಲಿ ಮರಳಿ ಕುಟುಂಬಗಳಿಗೆ ಬಂದವು. 2003ರ ಸುಮಾರಿನಿಂದ ಹುಲ್ಲುಗಾವಲನ್ನು ಉಳಿಸುವ ಹೆಸರಿನಲ್ಲಿ ಸಾವಿರಾರು ಕುಟುಂಬಗಳನ್ನು ಸಾಲುಮನೆಗಳಿಗೆ ಸೇರಿಸಲಾಯಿತು, ಬಯಲಿಗೆ ತಂತಿಬೇಲಿ ಬಂತು. ಆ ಹುಲ್ಲನ್ನು ತಲೆಮಾರುಗಳಿಂದ ಲೆಕ್ಕವಿಟ್ಟು ಕಾಯ್ದವರನ್ನೇ ಅದನ್ನು ಕೆಡಿಸಿದವರೆಂದು ಹೊರಗಟ್ಟುವುದು ನನಗೆ ದೊಡ್ಡ ಅನ್ಯಾಯವಾಗಿ ಕಾಣುತ್ತದೆ. ಲಡಾಖಿನ ಕಡೆಯ ಚಾಂಗ್‌ಪಾ ಎಂಬ ಪಶುಪಾಲಕ ಜನರನ್ನು ಯಾರೂ ಹೊರಗಟ್ಟಿಲ್ಲ. ಆದರೂ ಮಕ್ಕಳ ಶಾಲೆ, ಆಸ್ಪತ್ರೆ, ಕಠಿಣ ಚಳಿ ಎಂದು ಖರ್ನಾಕ್ ಸೀಮೆಯ ಬಹುಪಾಲು ಕುಟುಂಬಗಳು ಲೇಹ್ ಪಟ್ಟಣದ ಅಂಚಿಗೆ ಬಂದು ನೆಲೆಸಿವೆ. ಅವರನ್ನು ತಪ್ಪು ಎನ್ನಲು ನನಗೆ ಬಾಯಿ ಬಾರದು.

ತ್ಸೋ ಮೊರಿರಿ ಸರೋವರದ ದಡದ ಕೊರ್ಜೋಕ್‌ಗೆ ನಾನು ಹೋದದ್ದು ಒಂದು ಜುಲೈನಲ್ಲಿ. ಸಂಜೆ ಆಡುಗಳನ್ನು ಎದುರುಬದುರು ನಿಲ್ಲಿಸಿ, ಕೊರಳಿಗೆ ಕೊರಳು ಹೆಣೆದಂತೆ ಒಂದೇ ಹಗ್ಗದಲ್ಲಿ ಉದ್ದಕ್ಕೆ ಕಟ್ಟಿ, ಹೆಂಗಸರು ಹಿಂದಿನಿಂದ ಸರಸರನೆ ಹಾಲು ಕರೆಯುತ್ತ ಹೋದರು. ಮುಗಿದ ಮೇಲೆ ಹಗ್ಗದ ತುದಿ ಎಳೆದದ್ದೇ ತಡ, ಇಡೀ ಸಾಲು ಬಿಚ್ಚಿಕೊಂಡಿತು. ಅಲ್ಲಿಂದ ಒಂದಿಷ್ಟು ಒಣ ಚೀಸ್ ತಂದು ಅಜ್ಜನಿಗೆ ಕೊಟ್ಟೆ. ಕಲ್ಲಿನಂತಿದ್ದ ಒಂದು ತುಂಡನ್ನು ಬಾಯಿಗೆ ಹಾಕಿಕೊಂಡು ಅವರು ಬಹಳ ಹೊತ್ತು ಸುಮ್ಮನಿದ್ದರು. ಸರೋವರದ ವಿಷಯ ಕೇಳಲಿಲ್ಲ, ನಾನು ತೋರಿಸಿದ ಫೋಟೊಗಳನ್ನೂ ಸರಿಯಾಗಿ ನೋಡಲಿಲ್ಲ.

“ಹುಲ್ಲು ಎಷ್ಟು ಎತ್ತರ ಇತ್ತು?” ಎಂದರು.

ಎರಡು ಬೆರಳಷ್ಟು ಎಂದು ಕೈ ತೋರಿಸಿದೆ.

“ಜುಲೈಗೆ ಪರವಾಗಿಲ್ಲ” ಎಂದು ಇನ್ನೊಂದು ತುಂಡು ತೆಗೆದುಕೊಂಡರು.