ಸ್ವಹೀಲಿ ಪಟ್ಟಣ ಕಟ್ಟಿದ್ದು ಹೊರಗಿನವರಾ ಒಳಗಿನವರಾ ಅಂತ ಪ್ರೂವ್ ಮಾಡೋಕೆ ಮಡಕೆ ಚೂರು ಓದ್ಲಾ, ಡಿಎನ್‌ಎ ಕಡೆ ಹೋಗ್ಲಾ?

ನಿಮ್ಮ ಪ್ರಶ್ನೆ ಓದಿ ಫೋನ್ ಪಕ್ಕಕ್ಕಿಟ್ಟು ಸ್ವಲ್ಪ ಹೊತ್ತು ಸುಮ್ನೆ ಕೂತ್ಕೊಂಡೆ. ನೀವು ಹಳಿಯಾಳದ ಹತ್ರ ಸಿದ್ದಿ (ಆಫ್ರಿಕಾ ಮೂಲದವರು) ಹುಡುಗರ ಜೊತೆ ಬೆಳೆದವರು, ಹಿಸ್ಟರಿ ಎಂಎ ಆಯ್ತು, ಬಂಟು ಜನ (ಆಫ್ರಿಕಾದ ಬಂಟು ಭಾಷೆಗಳನ್ನ ಆಡೋರು, ಸ್ವಹೀಲಿನೂ ಅದ್ರಲ್ಲೊಂದು; ಮಂಗಳೂರಿನ ಬಂಟರಲ್ಲ ಮತ್ತೆ, ಕಾಮೆಂಟಲ್ಲಿ ಜಗಳ ಬೇಡ) ಪೂರ್ವ ಆಫ್ರಿಕಾಗೆ ಹೆಂಗೆ ಬಂದ್ರು, ಕರಾವಳಿ ಪಟ್ಟಣ ಯಾರು ಕಟ್ಟಿದ್ರು ಅಂತ "ಪ್ರೂವ್ ಮಾಡ್ಬೇಕು" ಅಂದಿದೀರಲ್ಲ, ಹದಿಮೂರು ವರ್ಷದ ಹಿಂದೆ ನಾನೂ ಅಪ್ಲಿಕೇಶನ್‌ನಲ್ಲಿ ಅದೇ ಪದ ಬರ್ದಿದ್ದೆ. ಆ ಪದಾನೇ ನನ್ನನ್ನ ಮುಳುಗಿಸಿದ್ದು.

ನಾನು ತುಮಕೂರು ಕಡೆಯವನು. ಹೊರದೇಶದ ಒಂದು ಯೂನಿವರ್ಸಿಟೀಲಿ ಆರ್ಕಿಯಾಲಜಿ ಮಾಸ್ಟರ್ಸ್ ಮಾಡ್ತಿದ್ದಾಗ ಕೀನ್ಯಾದ ಲಾಮು ಕಡೆ ಒಂದು ಚಿಕ್ಕ ಸೈಟಿನಲ್ಲಿ ಏಳು ವಾರ ಅಗೆಯೋ ಚಾನ್ಸ್ ಸಿಕ್ತು. ಹೋಗೋ ಮುಂಚೆನೇ ತಲೇಲಿ ಕಥೆ ರೆಡಿ ಇತ್ತು. ಟಾಂಜಾನಿಯಾ ಕರಾವಳಿಯ ಕಿಲ್ವಾ ದ್ವೀಪದ ಹಳೇ ಐತಿಹ್ಯ ಗೊತ್ತಿರ್ಬೇಕು ನಿಮ್ಗೆ, ಪರ್ಷಿಯಾದ ಶಿರಾಜ್‌ನಿಂದ ರಾಜಕುಮಾರ ಹಡಗಲ್ಲಿ ಬಂದ, ದ್ವೀಪದ ಸುತ್ತಳತೆಯಷ್ಟು ಬಟ್ಟೆ ಕೊಟ್ಟು ದ್ವೀಪಾನೇ ಕೊಂಡ್ಕೊಂಡ ಅಂತ. 1948ರಿಂದ ಕೀನ್ಯಾದ ಗೇಡಿ ಅನ್ನೋ ಪಾಳು ಪಟ್ಟಣ ಅಗೆದ ಕರ್ಕ್‌ಮನ್, 60ರ ದಶಕದಲ್ಲಿ ಕಿಲ್ವಾ ಅಗೆದ ಚಿಟಿಕ್ ಅವರ ಕಾಲದಲ್ಲಿ ವಿದ್ವಾಂಸರೂ ಹೆಚ್ಚುಕಮ್ಮಿ ಆ ಕಡೆನೇ ವಾಲಿದ್ರು, ಹವಳದ ಕಲ್ಲಿನ ಮಸೀದಿ ಇದೆ, ಚೀನಾ ಪಿಂಗಾಣಿ ಇದೆ, ಅಂದ್ಮೇಲೆ ಇದು ಅರಬ್ಬರದ್ದೋ ಪರ್ಷಿಯನ್ನರದ್ದೋ ಕಾಲನಿ ಅಂತ. ಆಮೇಲೆ 80ರ ದಶಕದಲ್ಲಿ ಲಾಮು ಹತ್ರದ ಪಾಟೆ ದ್ವೀಪದ ಶಾಂಗಾದಲ್ಲಿ ಮಾರ್ಕ್ ಹಾರ್ಟನ್ ಅಗೆದಾಗ ಕಲ್ಲಿನ ಮಸೀದಿ ಕೆಳಗೆ ಇನ್ನೊಂದು, ಅದರ ಕೆಳಗೆ ಮತ್ತೊಂದು, ಹಿಂಗೇ ಇಳೀತಾ ಹೋಗಿ ತಳದಲ್ಲಿ ಮರ-ಮಣ್ಣಿನ ಪುಟ್ಟ ಕಟ್ಟಡ ಸಿಕ್ತು, 8ನೇ ಶತಮಾನದ್ದು, ಜೊತೆಗೆ ಅಲ್ಲಿಯವರೇ ಮಾಡಿದ ಮಡಕೆ ರಾಶಿ ರಾಶಿ. ಹೊರಗಿನವರು ಬಂದು ಕಟ್ಟಿದ್ದಲ್ಲ, ಇದ್ದ ಊರೇ ಬೆಳೀತಾ ಮುಸ್ಲಿಂ ಆಯ್ತು, ಕಲ್ಲಿನ ಮನೆ ಕಟ್ಕೊಳ್ತು. ಇದನ್ನೆಲ್ಲ ಓದಿದ್ದೆ. ಓದಿಯೂ ಏನು ಅನ್ಕೊಂಡೆ ಅಂದ್ರೆ, ಶಾಂಗಾದ್ದು ಶಾಂಗಾಗೆ, ನನ್ನ ಸೈಟಲ್ಲಿ ಹೊರಗಿನವರೇ ಮೊದಲು ಬಂದಿದ್ರು ಅಂತ ತೋರಿಸಿಬಿಟ್ರೆ ಹೆಸರಾಗುತ್ತೆ. ಇಪ್ಪತ್ತಮೂರು ವರ್ಷ ವಯಸ್ಸು, ಇನ್ನೇನು ಬರುತ್ತೆ ತಲೆಗೆ.

ಸೈಟಲ್ಲಿ ಚೂರು ತೊಳೆಯೋ ಕೆಲಸಕ್ಕೆ ಊರಿನ ಒಬ್ಬ ಅಜ್ಜಿ ಬರ್ತಿದ್ರು. ನಾನು ಬೆಳಗ್ಗೆ "ಶಿಕಾಮೋ ಬೀಬಿ" (ನಮಸ್ಕಾರ ಅಜ್ಜಿ) ಅಂತಿದ್ದೆ, ಅವರು "ಮರಹಬಾ" ಅಂತಿದ್ರು, ನನ್ನ ಸ್ವಹೀಲಿ ಅಲ್ಲಿಗೆ ಮುಗೀತಿತ್ತು. ಮಣ್ಣು ಹೊರೋ ಬಾಂಡ್ಲಿಗೆ ಅಲ್ಲಿ "ಕರಾಯಿ" ಅಂತಾರೆ, ನಮ್ಮ ಕಡಾಯಿನೇ ಸಮುದ್ರ ದಾಟಿ ಹೋಗಿರೋದು. ಆ ಕರಾಯೀಲಿ ನೀರು ಹಾಕ್ಕೊಂಡು ಹಲ್ಲುಜ್ಜೋ ಬ್ರಶ್ಶಲ್ಲಿ ಒಂದೊಂದೇ ಬೋಕಿ ಉಜ್ಜಿ ಚಾಪೆ ಮೇಲೆ ಒಣಗಿಸೋದು. ನಾನು ಕಾಯ್ತಿದ್ದಿದ್ದು ಹೊಳೆಯೋ ಚೂರಿಗೆ. ಪರ್ಷಿಯನ್ ಕೊಲ್ಲಿ ಕಡೆಯಿಂದ ಬಂದ ನೀಲಿ-ಹಸಿರು ಗ್ಲೇಜಿನ (ಗಾಜಿನಂಥ ಹೊಳಪು ಲೇಪದ) ಜಾಡಿ ತುಂಡು ಉಗುರಿನಷ್ಟು ಸಿಕ್ರೂ ಸಾಕು, ಅದಕ್ಕೊಂದು ಬೇರೆ ಜಿಪ್‌ಲಾಕ್ ಕವರ್, ಬೇರೆ ನಂಬರ್, ಫೋಟೋ. ಒಂದಿನ ಬೀಬಿ ಒಂದು ಅಂಗೈಯಗಲದ ಕಂದು ಚೂರು ಎತ್ತಿ ನನ್ನ ಮುಂದೆ ಹಿಡಿದ್ರು. ಚಿತ್ತಾರ ಇಲ್ಲ, ಅಂಚಿಲ್ಲ, ಏನೂ ಇಲ್ಲ. ತಿರುಗಿಸಿ ಹಿಂಬದಿ ಹೆಬ್ಬೆರಳಲ್ಲಿ ಉಜ್ಜಿದ್ರು, ಬೆರಳು ಕಪ್ಪಾಯ್ತು. ಮಸಿ. ಸಾವಿರ ವರ್ಷದ ಹಿಂದೆ ಯಾರೋ ಒಲೆ ಮೇಲಿಟ್ಟ ಮಸಿ ಇನ್ನೂ ಬೆರಳಿಗೆ ಹತ್ತುತ್ತೆ. "ಚುಂಗು ಚಾ ಕುಪಿಕಿಯಾ" ಅಂದ್ರು, ಅಡುಗೆ ಮಡಕೆ ಅಂತ. ನಾನು ತಲೆಯಾಡ್ಸಿ ಅದನ್ನ ರಾಶಿಗೆ ಹಾಕ್ದೆ.

ಈಗ ತಪ್ಪಿಗೆ ಬರ್ತೀನಿ. ಸ್ವಲ್ಪ ಉದ್ದ ಆಗುತ್ತೆ, ಆದ್ರೆ ದಯವಿಟ್ಟು ಓದಿ, ಯಾಕಂದ್ರೆ ಇದನ್ನ ಯಾರೂ ನಂಗೆ ಬಿಡಿಸಿ ಹೇಳಿರ್ಲಿಲ್ಲ.

ಮಡಕೆ ಚೂರಲ್ಲಿ ಎರಡು ಜಾತಿ ಮಾಡ್ತಾರೆ. ಬಾಯಂಚು ಇರೋದು, ಚಿತ್ತಾರ ಇರೋದು, ಅಂದ್ರೆ ನೋಡಿದ ತಕ್ಷಣ ಇದು ಇಂಥ ಕಾಲದ್ದು ಇಂಥ ಆಕಾರದ್ದು ಅಂತ ಗುರುತು ಸಿಗೋದು ಒಂದು. ಸುಮ್ನೆ ಹೊಟ್ಟೆ ಭಾಗದ ಬೋಳು ಚೂರು ಇನ್ನೊಂದು. ಒಂದು ಮಡಕೆ ಒಡೆದ್ರೆ ಅಂಚಿನ ಚೂರು ನಾಲ್ಕೈದು ಆದ್ರೆ ಬೋಳು ಚೂರು ಐವತ್ತಾಗುತ್ತೆ. ಬೋಳು ಚೂರನ್ನ ಎಲ್ಲ ಸ್ಟೋರಲ್ಲಿ ಇಡೋಕೆ ಜಾಗ ಇರಲ್ಲ, ಅದಕ್ಕೆ ನಮ್ಗೆ ಕೊಟ್ಟ ಶೀಟಲ್ಲಿ ಬರ್ದಿತ್ತು: ಎಣಿಸಿ, ತೂಗಿ, ಬಿಸಾಡಿ. ಮೂರು ಕೆಲಸ. ಕೊನೇ ವಾರ, ಮಳೆ ಶುರುವಾಗಿದೆ, ಟ್ರೆಂಚ್ ಮುಚ್ಚಬೇಕು, ಮೇಲಿನವರು ಬೇರೆ ಸೈಟಿಗೆ ಹೋಗಿದಾರೆ. ಕೆಳಗಿನ ಎರಡು ಪದರದ ಬೋಳು ಚೂರಿಗೆ ನಾನು ಮಾಡಿದ್ದು ಮೂರನೇ ಕೆಲಸ ಮಾತ್ರ. ಬಕೆಟ್ ಬಕೆಟ್ ವಾಪಸ್ ಟ್ರೆಂಚಿಗೇ ಸುರಿದು ಮೇಲೆ ಮಣ್ಣು ಎಳೆದೆ.

ಎಣಿಸದೇ ಇದ್ದಿದ್ದಷ್ಟೇ ಆಗಿದ್ರೆ ಬದುಕ್ಕೋತಿದ್ದೆ. ಲೆಕ್ಕ ಎಲ್ಲಿ ಎಕ್ಕುಟ್ಟೋಯ್ತು ಅಂದ್ರೆ, ಗ್ಲೇಜ್ ಇರೋ ಚೂರು ಅಂಚಾಗ್ಲಿ ಹೊಟ್ಟೆಯಾಗ್ಲಿ ಎಲ್ಲಾನೂ ಗುರುತು ಸಿಗುತ್ತೆ, ಹಾಗಾಗಿ ಒಂದೂ ಬಿಡದೆ ಎಣಿಸಿದ್ದೆ, 46. ಲೋಕಲ್ ಮಡಕೇಲಿ ಅಂಚು ಮತ್ತೆ ಕುತ್ತಿಗೆ ಕೆಳಗೆ ತ್ರಿಕೋನ ಗೀರಿರೋ ಚೂರು (ಆ ತ್ರಿಕೋನದ ಮಡಕೆ ಲಾಮುವಿನಿಂದ ಕೊಮೊರೋಸ್ ತನಕ ಇಡೀ ಕರಾವಳೀಲಿ ಸಿಗುತ್ತೆ) ಮಾತ್ರ ಉಳಿದಿತ್ತು, 70. ಒಟ್ಟು 116ರಲ್ಲಿ 46, ಅಂದ್ರೆ 40%. ನಾನು ಖುಷಿಯಲ್ಲಿ ಪೈ ಚಾರ್ಟ್ ಬರ್ದೆ. ನೂರಕ್ಕೆ ನಲವತ್ತು ಹೊರಗಿನ ಪಾತ್ರೆ, ಕಾಲನಿ ಅಲ್ಲದೆ ಇನ್ನೇನು ಅಂತ ಒಂದಿಡೀ ಅಧ್ಯಾಯ ಬರ್ದೆ. ಒಂದು ಕಡೆ ಎಲ್ಲಾ ಎಣಿಸಿ ಇನ್ನೊಂದು ಕಡೆ ಆರಿಸಿ ಎಣಿಸಿದ್ದೀನಿ ಅನ್ನೋದು ಹೊಳೀಲೇ ಇಲ್ಲ ಅಂದ್ರೆ ನಂಬ್ತೀರಾ? ಮದುವೆ ಮನೇಲಿ ಹೆಣ್ಣಿನ ಕಡೆಯವರನ್ನ ಮಕ್ಕಳು ಮರಿ ಸಮೇತ ಎಣಿಸಿ, ಗಂಡಿನ ಕಡೆ ಪೇಟ ಕಟ್ಟಿದವರನ್ನ ಮಾತ್ರ ಎಣಿಸಿ, ನೋಡಿ ಹೆಣ್ಣಿನ ಕಡೆಯವರೇ ಜಾಸ್ತಿ ಬಂದಿದಾರೆ ಅಂದಂಗೆ.

ವೈವಾದಲ್ಲಿ (ಥೀಸಿಸ್ ಮೇಲಿನ ಮೌಖಿಕ ಪರೀಕ್ಷೇಲಿ) ಹೊರಗಿನಿಂದ ಬಂದ ಎಕ್ಸಾಮಿನರ್ ಪೈ ಚಾರ್ಟ್ ಮೇಲೆ ಪೆನ್ ಇಟ್ಟು ಕೇಳಿದ್ದು ಒಂದೇ ಪ್ರಶ್ನೆ, ಉಳಿದ ಮಡಕೆ ಎಲ್ಲಿ? ನಮ್ಮ ಪಕ್ಕದ ಟ್ರೆಂಚಿನ ಹುಡುಗಿ ಅದೇ ಪದರಗಳಲ್ಲಿ ಒಂದೊಂದೂ ಎಣಿಸಿದ್ಲು, 1,380 ಚೂರಲ್ಲಿ ಹೊರಗಿನದ್ದು 51. ನಾಲ್ಕು ಪರ್ಸೆಂಟೂ ಇಲ್ಲ. ಆ ಕರಾವಳೀಲಿ ಸಾಮಾನ್ಯವಾಗಿ ಬರೋದೇ ಅಷ್ಟು. ನನ್ನ ಟ್ರೆಂಚಿನದ್ದು ಎಷ್ಟಿತ್ತು ಅಂತ ಈಗ ದೇವರಿಗೂ ಗೊತ್ತಿಲ್ಲ, ಅದು ಮಣ್ಣಡಿ ಕಲಸುಮೇಲೋಗರ ಆಗಿ ಬಿದ್ದಿದೆ. ಪುನಃ ಬರೆದು ಸಬ್ಮಿಟ್ ಮಾಡು ಅಂದ್ರು, ಅಷ್ಟರಲ್ಲಿ ಮಾತಾಗಿದ್ದ ಪಿಎಚ್‌ಡಿ ಫಂಡಿಂಗ್ ಇನ್ನೊಬ್ಬರಿಗೆ ಹೋಯ್ತು. ಈಗ ಬೆಂಗಳೂರಲ್ಲಿ ಜಿಐಎಸ್ ಕೆಲಸ, ಲೇಔಟ್ ಮ್ಯಾಪ್ ಮಾಡ್ತೀನಿ.

ಸಮಾಧಾನಕ್ಕೆ ಹೇಳ್ಕೊಳ್ಳೋದಾದ್ರೆ ನನಗಿಂತ ದೊಡ್ಡ ದೊಡ್ಡವರು ಇದೇ ತಪ್ಪು ಮಾಡಿದಾರೆ. ಆಫ್ರಿಕಾದ ದಕ್ಷಿಣದಲ್ಲಿರೋ ಗ್ರೇಟ್ ಜಿಂಬಾಬ್ವೆ ಅನ್ನೋ ಕಲ್ಲಿನ ಪಾಳು ಪಟ್ಟಣಕ್ಕೆ 1902ರಲ್ಲಿ ಕ್ಯುರೇಟರ್ ಆಗಿ ಬಂದ ರಿಚರ್ಡ್ ಹಾಲ್, ಆ ಕಲ್ಲಿನ ಗೋಡೆ ಯಾರೋ ಹೊರಗಿನ ಪ್ರಾಚೀನರದ್ದು ಅಂತ ಮೊದಲೇ ತೀರ್ಮಾನ ಮಾಡ್ಕೊಂಡು, ಮೇಲಿನ ಆಫ್ರಿಕನ್ನರ "ಕಸ" ಅಂತ ಪದರಕ್ಕೆ ಪದರಾನೇ ಗುಡಿಸಿ ಹೊರಗೆ ಹಾಕ್ಸಿಬಿಟ್ಟ. ಆ ಕಸಾನೇ ಇತಿಹಾಸ. 1905ರಲ್ಲಿ ರ‍್ಯಾಂಡಲ್-ಮ್ಯಾಕೈವರ್, 1929ರಲ್ಲಿ ಗರ್ಟ್ರೂಡ್ ಕೇಟನ್-ಥಾಂಪ್ಸನ್ ಬಂದು, ಅವನು ಮುಟ್ಟದೆ ಬಿಟ್ಟ ಮೂಲೆಗಳನ್ನ ಹುಡುಕಿ ಅಗೆದು, ಇದು ಆಫ್ರಿಕನ್ನರೇ ಕಟ್ಟಿದ್ದು ಅಂತ ಹೇಳ್ಬೇಕಾಯ್ತು. ನಾನು ಬಕೆಟಲ್ಲಿ ಮಾಡಿದ್ದನ್ನ ಅವನು ಗಾಡೀಲಿ ಮಾಡಿದ ಅಷ್ಟೆ.

ಸರಿ, ನಿಮ್ಮ ಪ್ರಶ್ನೆ, ಮಡಕೆನಾ ಡಿಎನ್‌ಎನಾ. ನನ್ನ ಕೇಳಿದ್ರೆ ಪ್ರಶ್ನೆನೇ ಸರಿ ಇಲ್ಲ. ಮಡಕೆ ಬಂದ ಕಡೆ ಜನ ಬಂದ್ರು ಅಂತಾನೂ ಅಲ್ಲ, ಜನ ಬಂದ ಕಡೆ ಭಾಷೆ ಬಂತು ಅಂತಾನೂ ಅಲ್ಲ. ಸೈಟಲ್ಲಿ ಬೆಳಗ್ಗೆ ಬೀಬಿ ಮನೆಯಿಂದ "ಉಜಿ" ಬರ್ತಿತ್ತು, ಮೊದಲ ಗುಟುಕಿಗೇ ನಂಗೆ ಊರು ನೆನಪಾಯ್ತು, ಅದು ಪಕ್ಕಾ ರಾಗಿ ಗಂಜಿ, ಅಲ್ಲಿ ರಾಗಿಗೆ "ವಿಂಬಿ" ಅಂತಾರೆ. ರಾಗಿ ಹುಟ್ಟಿದ್ದೇ ಪೂರ್ವ ಆಫ್ರಿಕಾದ ಎತ್ತರದ ನಾಡಲ್ಲಿ. ನಿಮ್ಮ ಕಡೆ ರೊಟ್ಟಿ ಬಡಿಯೋ ಜೋಳದ ತವರು ಸುಡಾನ್ ಕಡೆ. ಹಾಗಂತ ತುಮಕೂರಿನ ಮುದ್ದೆ ನೋಡಿ ನಮ್ಮಪ್ಪನ ವಂಶ ಉಗಾಂಡಾದಿಂದ ವಲಸೆ ಬಂತು ಅಂತ ಮ್ಯಾಪಲ್ಲಿ ಬಾಣ ಎಳೀತೀರಾ? ಬಂಟು ವಲಸೆ ಮ್ಯಾಪಲ್ಲಿ ಕ್ಯಾಮರೂನ್‌ನಿಂದ ದಪ್ಪ ದಪ್ಪ ಬಾಣ ಎಳೆದಿರ್ತಾರಲ್ಲ, ಅದನ್ನ ನೋಡಿದಾಗೆಲ್ಲ ನಂಗೆ ಈಗ ಮೈ ಉರಿಯುತ್ತೆ. ಬಾಣ ಸುಳ್ಳು ಅಂತಲ್ಲ, ಭಾಷೆಗಳು ನೈಜೀರಿಯಾ-ಕ್ಯಾಮರೂನ್ ಗಡಿ ಕಡೆಯಿಂದ ನಾಲ್ಕೈದು ಸಾವಿರ ವರ್ಷದಲ್ಲಿ ಹರಡಿದ್ದು ನಿಜ, ಜನಾನೂ ಓಡಾಡಿದ್ದು ನಿಜ. ಆದ್ರೆ ಅದೇ ತವರಿನ ಶುಮ್ ಲಾಕಾ ಬಂಡೆ ಆಸರೆಯಲ್ಲಿ ಹೂತಿದ್ದ ನಾಲ್ಕು ಮಕ್ಕಳ ಡಿಎನ್‌ಎ 2020ರಲ್ಲಿ ಹೊರಬಂತು, ಇಬ್ಬರದ್ದು ಸುಮಾರು 8,000 ವರ್ಷ ಹಳೇದು, ಇಬ್ಬರದ್ದು 3,000. ನಾಲ್ವರೂ ಹತ್ತಿರ ಇದ್ದಿದ್ದು ಮಧ್ಯ ಆಫ್ರಿಕಾದ ಕಾಡಿನ ಬೇಟೆಗಾರ ಜನಕ್ಕೆ, ಇವತ್ತಿನ ಬಂಟು ಭಾಷಿಕರಿಗಲ್ಲ. ಬಾಣ ಶುರುವಾಗೋ ಚುಕ್ಕೆ ಮೇಲೇ ಬೇರೆ ಜನ ಮನೆ ಮಾಡ್ಕೊಂಡಿದ್ರು!

ಇನ್ನು ಸ್ವಹೀಲಿ ಕರಾವಳೀದು. 2023ರಲ್ಲಿ 80 ಜನರ ಹಳೇ ಡಿಎನ್‌ಎ ಪೇಪರ್ ಬಂದಾಗ ಒಂದು ವಾರ ನಿದ್ದೆ ಬರ್ಲಿಲ್ಲ ನಂಗೆ. ಸುಮಾರು ಕ್ರಿ.ಶ. 1000ದಿಂದ ಮಿಶ್ರಣ ಶುರು, ತಾಯಿ ಕಡೆ ಹೆಚ್ಚಾಗಿ ಆಫ್ರಿಕಾ, ತಂದೆ ಕಡೆ ಹೆಚ್ಚಾಗಿ ಪರ್ಷಿಯಾ. ಅಂದ್ರೆ ಶಿರಾಜ್ ಕಥೆ ಪೂರ್ತಿ ಕಟ್ಟುಕಥೆ ಅಲ್ಲ, ಆದ್ರೆ ಊರು ಅದಕ್ಕೂ ಮುಂಚೆನೇ ಇತ್ತು, ಮತ್ತೆ ಅಪ್ಪ ಎಲ್ಲಿಂದಾದ್ರೂ ಬರ್ಲಿ ಮಕ್ಕಳು ಆಡಿದ್ದು ಅಮ್ಮನ ಭಾಷೆ, ಉಂಡಿದ್ದು ಅಮ್ಮನ ಮಡಕೇಲಿ. ನಾನು ಬಿಸಾಡಿದ ಮಸಿ ಮಡಕೆ. ಆಮೇಲೆ ಇನ್ನೊಂದು ಗಮನಿಸಿ, ಆ ಮೂಳೆಗಳು ಬಹುಪಾಲು ಮಸೀದಿ ಪಕ್ಕ, ಒಳ್ಳೇ ಗೋರಿಗಳಲ್ಲಿ ಹೂತವರದ್ದು, ಅಂದ್ರೆ ಉಳ್ಳವರದ್ದು. ಊರಾಚೆ ಮಣ್ಣಿನ ಗುಡಿಸಲಲ್ಲಿ ಇದ್ದವರ ಮೂಳೆ ಅದ್ರಲ್ಲಿ ಎಷ್ಟಿದೆ? ಗ್ಲೇಜ್ ಚೂರು ಮಾತ್ರ ಎಣಿಸಿದಂಗೇ ಇದೂನೂ. ಲ್ಯಾಬಿಗೆ ಹೋದ್ರೆ ಈ ರೋಗದಿಂದ ತಪ್ಪಿಸ್ಕೋತೀನಿ ಅನ್ಕೋಬೇಡಿ.

ಉಲ್ಟಾ ಉದಾಹರಣೆ ನಿಮ್ಮ ಮನೆ ಪಕ್ಕಾನೇ ಇದೆ. ಪೋರ್ಚುಗೀಸರ ಕಾಲದಲ್ಲಿ ಗೋವಾ ಮೂಲಕ ಬಂದ ಸಿದ್ದಿಗಳ ಡಿಎನ್‌ಎಯಲ್ಲಿ ಪೂರ್ವ ಆಫ್ರಿಕಾದ ಬಂಟು ಪಾಲು ದೊಡ್ಡದಾಗೇ ಇದೆ ಅಂತ 2011ರಲ್ಲಿ ತೋರಿಸಿದಾರೆ, ಆದ್ರೆ ಮನೇಲಿ ಮಾತು ಕೊಂಕಣಿ ಕನ್ನಡ. ಲಾಮುವಿನಲ್ಲಿ ಹೊರಗಿನ ರಕ್ತ ಸೇರಿ ಭಾಷೆ ಉಳೀತು, ಹಳಿಯಾಳದಲ್ಲಿ ರಕ್ತ ಉಳಿದು ಭಾಷೆ ಹೋಯ್ತು. ಬರೀ ಮಡಕೆ ನೋಡಿದ್ರೆ ನಿಮ್ಮ ಫ್ರೆಂಡ್ಸ್ ಆಫ್ರಿಕಾದಿಂದ ಬಂದಿದ್ದೇ ಕಾಣಲ್ಲ. ಬರೀ ಡಿಎನ್‌ಎ ನೋಡಿದ್ರೆ ಅವರು ಹಳಿಯಾಳದವರು ಅನ್ನೋದು ಕಾಣಲ್ಲ. ಅದಕ್ಕೆ "ಹೊರಗಿನವರಾ ಒಳಗಿನವರಾ" ಬಿಡಿ. ಅಲ್ಲಿ ಯಾರು ಅಡುಗೆ ಮಾಡ್ತಿದ್ರು, ಏನು ಬೆಳೀತಿದ್ರು, ಯಾರು ಯಾರ ಮನೆಗೆ ಹೆಣ್ಣು ಕೊಟ್ರು ಅಂತ ಕೇಳಿ, ವಲಸೆ ತಾನಾಗೇ ಅದ್ರಲ್ಲಿ ಬರುತ್ತೆ.

ನೇರವಾಗಿ ಬೇಕು ಅಂದ್ರೆ: ಬಯಾಲಜಿ ಓದಿಲ್ಲ ಅಂದ್ಮೇಲೆ ಲ್ಯಾಬ್ ಆಸೆ ಬಿಡಿ, ಅಲ್ಲಿ ನೀವು ಬೇರೆಯವರ ಮೂಳೆಗೆ ಮುನ್ನುಡಿ ಬರೆಯೋರಾಗ್ತೀರ. ಮೊದಲು ಆರು ತಿಂಗಳು ಸ್ವಹೀಲಿ ಕಲೀರಿ, "ಶಿಕಾಮೋ" ಮಟ್ಟದ್ದಲ್ಲ, ಕೂತು ಜಗಳ ಆಡೋ ಮಟ್ಟದ್ದು. ನಂಗೆ ಅವತ್ತು ಭಾಷೆ ಬಂದಿದ್ರೆ ಬೀಬಿ ಹತ್ರ ಇನ್ನೊಂದು ನಾಲ್ಕು ಪ್ರಶ್ನೆ ಕೇಳ್ತಿದ್ದೆ, ಆ ಚೂರು ರಾಶಿಗೆ ಬೀಳ್ತಿರ್ಲಿಲ್ಲ. ಪಿಎಚ್‌ಡಿಗೆ ಅಪ್ಲೈ ಮಾಡೋ ಮುಂಚೆ ಯಾರದ್ದಾದ್ರೂ ಪ್ರಾಜೆಕ್ಟಲ್ಲಿ ಒಂದು ಸೀಸನ್ ಬರೀ ಚೂರು ತೊಳೀರಿ. ಮೊಂಬಾಸಾದ ಫೋರ್ಟ್ ಜೀಸಸ್ ಮ್ಯೂಸಿಯಂ ನೋಡ್ಬಿಟ್ಟು ಬನ್ನಿ, ಅಲ್ಲಿ ಗಾಜಿನ ಪೆಟ್ಟಿಗೇಲಿ ಪಿಂಗಾಣಿ ಎಲ್ರೂ ನೋಡ್ತಾರೆ, ನೀವು ಬೋಳು ಮಡಕೆ ಮುಂದೆ ನಿಂತ್ಕೊಳ್ಳಿ.

ಇನ್ನೊಂದು, ಅಡುಗೆಮನೆ ಡಿಜಿಟಲ್ ತಕ್ಕಡಿ ಒಂದು ನಿಮ್ಮ ಬ್ಯಾಗಲ್ಲೇ ಇಟ್ಕೊಳ್ಳಿ, ಜೊತೆಗೆ ಎರಡು ಸೆಟ್ ಸೆಲ್. ಮಳೆ, ಸುಸ್ತು ಅಂತೆಲ್ಲ ಮೇಲೆ ಬರ್ದೆ, ಅದೆಲ್ಲ ಹೌದು, ಆದ್ರೆ ಕೊನೇ ವಾರ ನಮ್ಮ ತಕ್ಕಡಿ ಸೆಲ್ ಖಾಲಿ ಆಗಿತ್ತು, ಅಂಗಡಿ ಇದ್ದಿದ್ದು ದೋಣೀಲಿ ಮುಕ್ಕಾಲು ಗಂಟೆ ದೂರ, ನಾಳೆ ತರೋಣ ಅಂತ ಬಿಟ್ಟೆ.