ಬಿಲ್ಡಪ್ ಸುಳ್ಳಾದರೆ ಹಾಡೂ ಸುಳ್ಳಾ?

ಪ್ರಶ್ನೆ: ಅಮೆರಿಕದ ರ್‍ಯಾಪರ್ ರಿಕ್ ರಾಸ್‌ನ ‘ಡೀಪರ್ ದ್ಯಾನ್ ರ್‍ಯಾಪ್’ ಆಲ್ಬಂ ನನಗೆ ತುಂಬಾ ಇಷ್ಟ. ಆದರೆ ಡ್ರಗ್ಸ್ ದಂಧೆಯ ದೊರೆ ಅಂತ ಹಾಡುಗಳಲ್ಲಿ ಮೆರೆಯುವ ಆತ ಹಿಂದೆ ಜೈಲಿನ ಕಾವಲುಗಾರನಾಗಿದ್ದನಂತೆ. ಗೆಳೆಯರು ‘ಎಲ್ಲಾ ಬರೀ ಬಿಲ್ಡಪ್’ ಅಂತಾರೆ. ಇದನ್ನು ಕಲೆ ಅಂತ ಒಪ್ಪೋದು ಹೇಗೆ?

ಉತ್ತರ: ಜೈಲಿನ ವಿಷಯ ನಿಜ. ಆತನ ಸ್ವಂತ ಹೆಸರು ವಿಲಿಯಂ ಲಿಯೊನಾರ್ಡ್ ರಾಬರ್ಟ್ಸ್. 1990ರ ದಶಕದ ಮಧ್ಯದಲ್ಲಿ ಸುಮಾರು ಒಂದೂವರೆ ವರ್ಷ ಫ್ಲೋರಿಡಾದಲ್ಲಿ ಆ ಕೆಲಸ ಮಾಡಿದ್ದ. 2008ರಲ್ಲಿ ಯೂನಿಫಾರಂನಲ್ಲಿದ್ದ ಫೋಟೋ ಹೊರಬಿತ್ತು. ಮೊದಲು ಅಲ್ಲಗಳೆದ, ಆಮೇಲೆ ಒಪ್ಪಿಕೊಂಡ. ಆ ಅಲ್ಲಗಳೆದದ್ದನ್ನು ನಾನು ಸಮರ್ಥಿಸುವುದಿಲ್ಲ, ಅದು ಕೇಳುಗರಿಗೆ ಹೇಳಿದ ಸುಳ್ಳು.

ಹಾಡೊಳಗಿನ ಸುಳ್ಳು ಬೇರೆ. ಇಷ್ಟು ದೊಡ್ಡ ಗುಟ್ಟು ರಟ್ಟಾದ ಮೇಲೆ ಬೇರೆಯವನಾಗಿದ್ದರೆ ಸ್ವಲ್ಪ ತಗ್ಗಿ ನಡೆಯುತ್ತಿದ್ದ, ಅಲ್ವಾ? ಈತ 2009ರ ಏಪ್ರಿಲ್‌ನಲ್ಲಿ ಇನ್ನೂ ಜಾಸ್ತಿ ವೈಭವದ ಈ ಆಲ್ಬಂ ತಂದ, ಅದು ಅಮೆರಿಕದ ಜನಪ್ರಿಯ ಆಲ್ಬಂಗಳ ಬಿಲ್‌ಬೋರ್ಡ್ ಪಟ್ಟಿಯಲ್ಲಿ ನೇರವಾಗಿ 1ನೇ ಸ್ಥಾನಕ್ಕೆ ಬಂತು. ‘ಮ್ಯಾಗ್ನಿಫಿಸೆಂಟ್’ ಕೇಳಿ, ‘ಮೇಬ್ಯಾಕ್ ಮ್ಯೂಸಿಕ್ 2’ ಕೇಳಿ. ಎರಡರ ಬೀಟ್ (ಹಾಡಿನ ಹಿನ್ನೆಲೆ ಸಂಗೀತ) ಕಟ್ಟಿದ್ದೂ ಜಸ್ಟಿಸ್ ಲೀಗ್ ಅನ್ನೋ ತಂಡ. ಹಳೆಯ ‘ಸೋಲ್’ (ಕಪ್ಪು ಅಮೆರಿಕನ್ನರ ಭಾವಭರಿತ ಹಾಡುಗಾರಿಕೆ) ಸಂಗೀತದ ಹಾಗೆ ಹರಡಿಕೊಂಡ ವಾದ್ಯಗಳು, ಯಾವುದಕ್ಕೂ ಅವಸರವಿಲ್ಲ. ಅದರ ಮೇಲೆ ರಾಸ್‌ನ ಆ ದಪ್ಪ ದನಿ. ಒಂದು ಸಾಲು ಹೇಳಿ ನಿಲ್ಲುತ್ತಾನೆ, ಒಮ್ಮೆ ಹೂಂಕರಿಸುತ್ತಾನೆ, ಬೀಟನ್ನು ಮುಂದೆ ಹೋಗಲು ಬಿಟ್ಟು ಮತ್ತೆ ನಿಧಾನವಾಗಿ ಬಂದು ಸೇರಿಕೊಳ್ಳುತ್ತಾನೆ. ಕಾರು, ವಾಚುಗಳ ಹೆಸರನ್ನು ಯಾರು ಬೇಕಾದರೂ ಸಾಲಾಗಿ ಹೇಳಬಹುದು. ಕೈತುಂಬಾ ದುಡ್ಡಿರುವವನಿಗೆ ಇರೋ ಪುರುಸೊತ್ತನ್ನು ದನಿಯಲ್ಲೇ ಕೇಳಿಸೋದು ಕಷ್ಟದ ಕೆಲಸ. ಕಲೆ ಅಂತ ನಾನು ಕರೆಯೋದು ಅದನ್ನೇ, ಅದಕ್ಕೆ ಬ್ಯಾಂಕ್ ಪಾಸ್‌ಬುಕ್ಕಿನ ಸಾಕ್ಷಿ ಬೇಕಿಲ್ಲ.

ನನ್ನನ್ನು ಕಾಡುವುದು ಹೆಸರಿನ ವಿಷಯ. ‘ಫ್ರೀವೇ’ ರಿಕ್ ರಾಸ್ ಅಂತ ಲಾಸ್ ಏಂಜಲೀಸ್‌ನಲ್ಲಿ ನಿಜವಾದ ಡ್ರಗ್ಸ್ ವ್ಯಾಪಾರಿ ಒಬ್ಬನಿದ್ದ. ವರ್ಷಗಟ್ಟಲೆ ಜೈಲಿನಲ್ಲಿದ್ದು, ಈ ಆಲ್ಬಂ ಬಂದ ವರ್ಷವೇ ಹೊರಬಂದ, ಆಮೇಲೆ ನನ್ನ ಹೆಸರು ಕದ್ದಿದ್ದಾನೆ ಅಂತ ಕೇಸು ಹಾಕಿದ. 2013ರಲ್ಲಿ ಕ್ಯಾಲಿಫೋರ್ನಿಯಾದ ಮೇಲ್ಮನವಿ ಕೋರ್ಟು ರ್‍ಯಾಪರ್ ಪರ ನಿಂತಿತು: ಹೆಸರು ಬರೀ ಕಚ್ಚಾವಸ್ತು, ಆತ ತನ್ನದೇ ಕಲೆ ಸೇರಿಸಿ ಹೊಸ ವ್ಯಕ್ತಿತ್ವ ಕಟ್ಟಿದ್ದಾನೆ ಅನ್ನೋದು ತೀರ್ಪಿನ ಸಾರ. ಕಾನೂನಿನ ಮಟ್ಟಿಗೆ ಸರಿಯೇ. ಆದರೂ ಶಿಕ್ಷೆ ಒಬ್ಬನಿಗೆ, ಆ ಹೆಸರಿನ ಮೆರುಗು ಇನ್ನೊಬ್ಬನಿಗೆ ಅನ್ನೋದು ನನಗೆ ಒಪ್ಪಿಗೆಯಾಗುವುದಿಲ್ಲ. ಆಲ್ಬಂ ಇಷ್ಟಪಡುತ್ತಲೇ ಈ ಮಾತನ್ನೂ ಹೇಳಬಹುದು.

ಪ್ರಶ್ನೆ: ಬರೀ ಶ್ರೀಮಂತಿಕೆ ಕೇಳಿ ಬೇಜಾರಾಗೋಲ್ವಾ?

ಉತ್ತರ: ಆಗುತ್ತೆ. ಇಡೀ ಆಲ್ಬಂ ಒಂದೇ ಸಲ ಕೇಳಿದರೆ ಸಾಹಿತ್ಯ ತೆಳ್ಳಗೆ ಅನ್ನಿಸುತ್ತೆ. ಆಗ ರಾಸ್ 2010ರಲ್ಲಿ ತಂದ ‘ಟೆಫ್ಲಾನ್ ಡಾನ್’ ಆಲ್ಬಂಗೆ ಹೋಗಿ. ಅದರಲ್ಲಿ ಲೆಕ್ಸ್ ಲೂಗರ್ ಅನ್ನೋ ಸಂಗೀತ ನಿರ್ಮಾಪಕ ಮಾಡಿದ ‘ಬಿಎಂಎಫ್’ ಹಾಡಿನ ಬೀಟ್ ಒರಟು, ಮೆತ್ತನೆ ವಾದ್ಯಗಳ ಸುಳಿವೇ ಇಲ್ಲ. ಅಲ್ಲಿ ಅದೇ ದನಿ ಗುಡುಗುತ್ತೆ.